ಭಂಡಾರದ ಲೆಕ್ಕ

ಬಸವಣ್ಣನವರ ಚರಿತೆಯಲ್ಲಿ ಬರುವ ಭಂಡಾರದ ಪ್ರಸಂಗವನ್ನು ನಾವು ಪವಾಡಗಳ ಸಾಲಿನಲ್ಲಿ ಇರಿಸಿ ಓದುತ್ತ ಬಂದಿದ್ದೇವೆ. ಭಂಡಾರಿಯು ಅರಸನ ಧನವನ್ನು ಜಂಗಮರಿಗೆ ಸವೆಸುತ್ತಿರುವನೆಂದು ಕೊಂಡೆಯರು ಬಿಜ್ಜಳನಲ್ಲಿ ದೂರುತ್ತಾರೆ, ಅರಸನು ವಿಚಾರಿಸುತ್ತಾನೆ, ಹಣವನ್ನು ಎಣಿಸಿ ನೋಡಿದಾಗ ಕೊರತೆ ಕಾಣುವುದಿಲ್ಲ. ವೆಚ್ಚವಾದುದನ್ನು ಶಿವನೇ ತುಂಬಿದನೆಂಬುದು ಪ್ರವಚನಗಳಲ್ಲಿ ಕೇಳಿಬರುವ ವಿವರಣೆ. ಭಕ್ತರ ಕಿವಿಗೆ ಇದು ಇಂಪಾದುದು. ಆದರೆ ಈ ವಿವರಣೆಯು ಬಸವಣ್ಣನವರನ್ನು ಕಾಪಾಡುತ್ತದೆಯೋ, ಅಪರಾಧಿಯ ಕಟ್ಟೆಗೆ ಏರಿಸುತ್ತದೆಯೋ ಎಂಬುದನ್ನು ವಿಮರ್ಶಕರು ಅಷ್ಟಾಗಿ ಕೇಳಿಕೊಂಡಂತಿಲ್ಲ.

ನ್ಯಾಯಶಾಸ್ತ್ರದ ದೃಷ್ಟಿ ಇಲ್ಲಿ ನಿಷ್ಠುರವಾದುದು. ಒಪ್ಪಿಸಿದ ಧನವನ್ನು ಅಪ್ರಾಮಾಣಿಕವಾಗಿ ಬಳಸಿ ಅನಂತರ ಹಿಂದಿರುಗಿಸಿದರೂ ಅಪರಾಧ ಅಳಿಯದು. ಸ್ವಲ್ಪಕಾಲದ ದುರುಪಯೋಗವೂ ದುರುಪಯೋಗವೇ ಎಂದು 1860ರ ಭಾರತೀಯ ದಂಡಸಂಹಿತೆಯ 403ನೆಯ ಕಲಮಿನ ವಿವರಣೆಯು ಸ್ಪಷ್ಟವಾಗಿ ಹೇಳಿತ್ತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯಸಂಹಿತೆಯೂ ಆ ಮಾತನ್ನು ಉಳಿಸಿಕೊಂಡಿದೆ. ಸರಕಾರಿ ನೌಕರ, ಬ್ಯಾಂಕಿನ ಅಧಿಕಾರಿ, ವಕೀಲ ಮೊದಲಾದವರು ಎಸಗುವ ನಂಬಿಕೆದ್ರೋಹಕ್ಕೆ ಹಳೆಯ ಸಂಹಿತೆಯ 409ನೆಯ ಕಲಮು ಆಜೀವ ಕಾರಾವಾಸದವರೆಗಿನ ದಂಡನೆಯನ್ನು ವಿಧಿಸಿತ್ತು. ಹೊಸದರ 316ನೆಯ ಕಲಮಿನಲ್ಲಿಯೂ ಅದೇ ಕಾಠಿಣ್ಯವಿದೆ. ಆದಕಾರಣ ಬರಿದಾದ ಪೆಟ್ಟಿಗೆಯನ್ನು ದೇವರೇ ತುಂಬಿದನೆಂದು ಸಾರುವಾತನು, ಪೆಟ್ಟಿಗೆ ಬರಿದಾಗಿತ್ತೆಂಬುದನ್ನು ಮೊದಲು ಒಪ್ಪಿಕೊಂಡಂತಾಯಿತು! ಕೊಂಡೆಯರು ಸಾಧಿಸಲಾರದುದನ್ನು ಭಕ್ತರು ತಾವಾಗಿ ಸಾಧಿಸಿಕೊಡುತ್ತಾರೆ.

ಇನ್ನೊಂದು ಸಮರ್ಥನೆಯುಂಟು: ತನಗಾಗಿ ತೆಗೆದುಕೊಳ್ಳಲಿಲ್ಲ, ದಾಸೋಹಕ್ಕೆ ಕೊಟ್ಟನು ಎಂಬುದು. ಇದೂ ನಿಲ್ಲುವುದಿಲ್ಲ. ಅಕ್ರಮ ಲಾಭವು ತನಗೇ ಆಗಬೇಕೆಂಬ ನಿಯಮ ಕಾನೂನಿನಲ್ಲಿಲ್ಲ. ಪರರಿಗೆ ಮಾಡಿಕೊಟ್ಟರೂ ಅದೇ ದೋಷ. ಉದ್ದೇಶದ ಪಾವಿತ್ರ್ಯವನ್ನು ಮುಂದೊಡ್ಡಿ ಲೆಕ್ಕವನ್ನು ಮರೆಯಿಸುವ ಚಾಳಿ ಧರ್ಮಸಂಸ್ಥೆಗಳ ಆಡಳಿತಗಾರರಲ್ಲಿಯೂ ಸುಳಿಯುವುದುಂಟಾದ್ದರಿಂದ ಈ ಮಾತನ್ನು ಒತ್ತಿ ಹೇಳಬೇಕಾಗಿದೆ.

ವಚನಗಳ ಕಡೆಗೆ ತಿರುಗಿದರೆ ಬೇರೊಂದು ಧ್ವನಿ ಕೇಳಿಸುತ್ತದೆ. ಹೊನ್ನಿನಲ್ಲಾಗಲಿ ವಸ್ತ್ರದಲ್ಲಾಗಲಿ ಅತ್ಯಲ್ಪ ಅಂಶವನ್ನೂ ಬಯಸಿದವನಲ್ಲವೆಂದು ಬಸವಣ್ಣನವರು ಆಣೆಯಿಡುವ ವಚನವು ಪ್ರಸಿದ್ಧವಾದುದು. ಅಲ್ಲಿ ತೆಗೆದುದನ್ನು ತುಂಬಿದ ಮಾತಿಲ್ಲ. ತೆಗೆಯಲೇ ಇಲ್ಲವೆಂಬ ಧೈರ್ಯವಿದೆ. ಬಿಜ್ಜಳನ ಓಲಗದಲ್ಲಿರುವುದು ಮಡದಿಮಕ್ಕಳಿಗಾಗಿಯಲ್ಲ, ಜಂಗಮದಾಸೋಹಕ್ಕಾಗಿ ಎನ್ನುವ ವಚನವನ್ನು ಇದರೊಡನೆ ಇಟ್ಟು ನೋಡಿದರೆ ದಾಸೋಹದ ಮೂಲವು ಓಲಗದ ಸಂಬಳವೇ ಹೊರತು ಅರಸನ ಭಂಡಾರವಲ್ಲವೆಂದು ತಿಳಿಯುವುದು ನ್ಯಾಯವಾಗಿದೆ. ಕಾಯಕದಿಂದ ಬಂದುದನ್ನು ಕೊಡುವುದು ದಾಸೋಹ. ಕಾವಲಿಗಿಟ್ಟುದನ್ನು ಕೊಡುವುದಕ್ಕೆ ಆ ಹೆಸರು ಸಲ್ಲದು.

ಇಷ್ಟು ಕಾನೂನಿನ ಎಲ್ಲೆ. ಇದರಾಚೆಯ ಎಲ್ಲೆಯನ್ನು ತೋರಿಸುವವಳು ಆಯ್ದಕ್ಕಿ ಲಕ್ಕಮ್ಮ. ಮಹಾಮನೆಯ ಅಂಗಳದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯುವ ಮಾರಯ್ಯನ ಮೇಲೆ ಯಾವ ಧರ್ಮಾಧಿಕಾರಿಯೂ ಕಳವು ಹೊರಿಸಲಾರನು. ಆದರೂ ಎಂದಿಗಿಂತ ಹೆಚ್ಚು ತಂದ ದಿನ ಲಕ್ಕಮ್ಮ ಅದನ್ನು ಹಿಂದಕ್ಕೆ ಚೆಲ್ಲಿ ಬರುವಂತೆ ಹೇಳುತ್ತಾಳೆ. ಶೂನ್ಯಸಂಪಾದನೆಯ ಸಂಪಾದಕರು ಈ ದಂಪತಿಗಳ ಪ್ರಸಂಗವನ್ನು ಪವಾಡದ ಹಂಗಿಲ್ಲದೆ ಬರಿಯ ಸಂವಾದದಿಂದ ಬೆಳೆಸಿರುವುದು ಅವರ ವಿವೇಕಕ್ಕೆ ಸಾಕ್ಷಿ. ತೆಲುಗಿನ ಪಾಲ್ಕುರಿಕೆ ಸೋಮನಾಥನ ಬಸವಪುರಾಣವನ್ನು 1369ರಲ್ಲಿ ಕನ್ನಡಕ್ಕೆ ತಂದ ಭೀಮಕವಿಯ ಪರಂಪರೆಗೆ ಭಂಡಾರದ ವಿಷಯದಲ್ಲಿ ಈ ಸಂಯಮ ಒದಗಲಿಲ್ಲ. ದೈವದ ಐಶ್ವರ್ಯದ ವರ್ಣನೆಯಲ್ಲಿ ಎಣಿಕೆಯ ಸದ್ದು ಅಡಗಿಹೋಗುತ್ತದೆ.

ಹರಿಹರನಲ್ಲಿ ಆ ಸದ್ದು ಸ್ವಲ್ಪ ಉಳಿದಿದೆ. ಅವನ ರಗಳೆಯ ಬಸವಣ್ಣನವರು ರಾಜಸೇವೆಗೆ ಕಾಲಿಡುವುದೇ ಗಣಕರಾಗಿ, ಕರಣಿಕರ ಲೆಕ್ಕದಲ್ಲಿ ನುಸುಳಿದ್ದ ತಪ್ಪನ್ನು ಎತ್ತಿ ತೋರಿಸುವುದರ ಮೂಲಕ. ಪರರ ಲೆಕ್ಕವನ್ನು ತಿದ್ದಿ ಉದ್ಯೋಗ ಪಡೆದ ಈ ಗಣಕನನ್ನು, ಮುಂದೆ ತನ್ನ ಲೆಕ್ಕವನ್ನು ಎಣಿಸಿಕೊಳ್ಳಿರೆಂದು ಅರಸನ ಮುಂದೆ ನಿಲ್ಲುವ ಭಂಡಾರಿಯ ಪಕ್ಕದಲ್ಲಿರಿಸಿ ಓದಿದರೆ ಆ ಪ್ರಸಂಗಕ್ಕೆ ಪವಾಡದ ಆಸರೆ ಬೇಕಾಗುವುದಿಲ್ಲ.