ಹಿಂಡಿಯ ಲೆಕ್ಕ ಬಿಟ್ಟ ಗಾಣ

ಕಾಸ್ಟಿಕ್ ಸೋಡಾದ ಮಾರುಕಟ್ಟೆ ವರದಿಗಳೆಲ್ಲ ಒಂದೇ ಅಚ್ಚಿನಲ್ಲಿ ಬರುತ್ತವೆ. ಅಲ್ಯುಮಿನಾದವರು ಹೆಚ್ಚು ಕೊಂಡರು, ದರ ಏರಿತು. ಜವಳಿಯವರು ಕೊಳ್ಳಲಿಲ್ಲ, ಇಳಿಯಿತು. ಪಕ್ಕದಲ್ಲೊಂದು ಏರಿಳಿತದ ಗೆರೆ, ಕೊನೆಗೆ ಮುಂದಿನ ತ್ರೈಮಾಸಿಕದ ಭವಿಷ್ಯ. ಓದಿ ಮುಗಿಸಿದವನಿಗೆ ಎಲ್ಲ ತಿಳಿದಂತಾಗುತ್ತದೆ. ಆದರೆ ಭಾರತದ ಮಟ್ಟಿಗೆ ಈ ವರದಿಗಳು ಹೇಳುವುದು ಅರ್ಧ ಲೆಕ್ಕ. ಸರ್ಕಾರದ ವ್ಯಾಪಾರ ನೀತಿಯೂ ಬಹುಕಾಲದಿಂದ ಆ ಅರ್ಧವನ್ನೇ ನೋಡುತ್ತ ಕೂತಿದೆ.

ಉಪ್ಪುನೀರಿಗೆ ವಿದ್ಯುತ್ ಹಾಯಿಸಿದರೆ ಕಾಸ್ಟಿಕ್ ಸೋಡಾ ಒಂಟಿಯಾಗಿ ಬರುವುದಿಲ್ಲ. ಒಂದು ಟನ್ ಕಾಸ್ಟಿಕ್ ಜೊತೆ ಸುಮಾರು 0.88 ಟನ್ ಕ್ಲೋರಿನ್ ಹುಟ್ಟುತ್ತದೆ. ಬೇಕೆಂದರೂ ಅಷ್ಟೇ, ಬೇಡವೆಂದರೂ ಅಷ್ಟೇ. ಎಣ್ಣೆಗಾಣ ನಡೆಸುವವನು ಹಿಂಡಿಗೆ ಏನು ಸಿಗುತ್ತದೆ ಎಂದು ನೋಡದೆ ಎಣ್ಣೆಗೆ ದರ ಕಟ್ಟುವುದಿಲ್ಲ. ಇಲ್ಲಿನ ಕಷ್ಟ ಅದಕ್ಕಿಂತ ಒಂದು ಕೈ ಹೆಚ್ಚು: ಹಿಂಡಿಯನ್ನು ಮೂಲೆಯಲ್ಲಿ ಪೇರಿಸಿಡಬಹುದು, ವಿಷಾನಿಲವನ್ನು ಇಡಲಾಗದು. ಪೈಪಿನಲ್ಲಿ ಪಕ್ಕದ ಕಾರ್ಖಾನೆಗೆ ಕಳಿಸಬೇಕು, ಇಲ್ಲವೇ 900 ಕಿಲೋ ಹಿಡಿಯುವ ಟನ್ನರ್‌ಗಳಲ್ಲಿ ತುಂಬಿ ಲಾರಿ ಹತ್ತಿಸಬೇಕು. ಟನ್ನರ್ ಒಯ್ಯುವವರು ಬಾರದಿದ್ದರೆ ಕಾಸ್ಟಿಕ್ ಉತ್ಪಾದನೆಯನ್ನೂ ತಗ್ಗಿಸಬೇಕು. ಅದಕ್ಕೇ ನಮ್ಮಲ್ಲಿ ಕ್ಲೋರಿನ್‌ಗೆ ಆಗಾಗ ಮೈನಸ್ ದರ ಬರುತ್ತದೆ. ಅಂದರೆ ಮಾಲು ಒಯ್ಯುವವನಿಗೆ ಕಾರ್ಖಾನೆಯೇ ದುಡ್ಡು ಕೊಟ್ಟು ಕಳಿಸುತ್ತದೆ. ಈ ನಷ್ಟ ತುಂಬುವುದು ಕಾಸ್ಟಿಕ್‌ನ ದರದಿಂದ. ಉದ್ಯಮದವರು ಎರಡನ್ನೂ ಕೂಡಿಸಿ ‘ಇಸಿಯು’ (ಎಲೆಕ್ಟ್ರೋಕೆಮಿಕಲ್ ಯೂನಿಟ್) ಎಂಬ ಒಂದೇ ಅಂಕಿ ಇಟ್ಟುಕೊಳ್ಳುತ್ತಾರೆ, ಷೇರುದಾರರಿಗೂ ಅದನ್ನೇ ಹೇಳುತ್ತಾರೆ. ಸಾರ್ವಜನಿಕರ ಕೈಗೆ ಬರುವ ದರಪಟ್ಟಿಯಲ್ಲಿ ಮಾತ್ರ ಕಾಸ್ಟಿಕ್ ಒಂದೇ ನಿಂತಿರುತ್ತದೆ.

2022ರ ಏರಿಕೆಯನ್ನೇ ನೋಡಿ. ಒಂದು ಟನ್ ಕಾಸ್ಟಿಕ್‌ಗೆ ಎರಡು ಸಾವಿರ ಯೂನಿಟ್‌ಗೂ ಮೀರಿ ವಿದ್ಯುತ್ ಬೇಕು. ಉಕ್ರೇನ್ ಯುದ್ಧದಿಂದ ಯುರೋಪಿನಲ್ಲಿ ಅನಿಲ, ವಿದ್ಯುತ್ ತುಟ್ಟಿಯಾಗಿ ಅಲ್ಲಿನ ಘಟಕಗಳು ಉತ್ಪಾದನೆ ತಗ್ಗಿಸಿದವು, ಜಗತ್ತಿನ ದರ ಮೇಲಕ್ಕೆ ಹೋಯಿತು, ಭಾರತದ ಉತ್ಪಾದಕರಿಗೆ ಸುಗ್ಗಿಯಾಯಿತು. 2023ರಲ್ಲಿ ಇಳಿಯಿತು. ಇಷ್ಟನ್ನು ವರದಿಗಳು ಸರಿಯಾಗಿಯೇ ಹೇಳಿದವು. ಹೇಳದೆ ಬಿಟ್ಟದ್ದು ನಡುವಿನ ಕೊಂಡಿಯನ್ನು. ಕಾಸ್ಟಿಕ್ ದರ ಏರಿದಾಗ ಎಲ್ಲರೂ ಘಟಕವನ್ನು ಪೂರ್ಣ ಓಡಿಸುತ್ತಾರೆ, ಆಗ ಕ್ಲೋರಿನ್ ಉಕ್ಕಿ ಅದರ ದರ ಸೊನ್ನೆಗಿಂತ ಕೆಳಗೆ ಜಾರುತ್ತದೆ. ಗ್ರಾಫಿನಲ್ಲಿ ಮೇಲಕ್ಕೆ ಹೋದ ಗೆರೆಯಷ್ಟೂ ಲಾಭವಲ್ಲ.

ಇನ್ನು ನೀತಿ. ಈ ಸರಕಿನ ಆಮದಿನ ಮೇಲೆ ಬೇರೆ ಬೇರೆ ದೇಶಗಳ ಹೆಸರಿನಲ್ಲಿ ಆ್ಯಂಟಿ ಡಂಪಿಂಗ್ ಸುಂಕ ಬಂದುಹೋಗಿದೆ. 2018ರಲ್ಲಿ ಬಂದ ಗುಣಮಟ್ಟ ನಿಯಂತ್ರಣ ಆದೇಶ ಬೇರೆ ಬಗೆಯದು. ಬಿಐಎಸ್ ಗುರುತು ಇಲ್ಲದ ಕಾಸ್ಟಿಕ್ ದೇಶದೊಳಗೆ ಬರುವಂತಿಲ್ಲ ಎಂದಾಯಿತು. ಹೆಸರಿಗೆ ಗುಣಮಟ್ಟ, ಕೆಲಸ ಮಾತ್ರ ಗೋಡೆಯದು. ಪಾದರಸವಿಲ್ಲದ ಶುದ್ಧ ಮಾಲು ಬೇಕೆಂಬುದು ಒಪ್ಪತಕ್ಕದ್ದೇ. ಆದರೆ ಬಾಕ್ಸೈಟ್ ಕರಗಿಸಲು ಕಾಸ್ಟಿಕ್ ಬೇಕಾದ ಅಲ್ಯುಮಿನಾ ಘಟಕಗಳಿಗೆ ಬಿಸಿ ತಟ್ಟಿತು. ಒಡಿಶಾದ ದಾಮನಜೋಡಿಯಲ್ಲಿರುವ ನಾಲ್ಕೋ ಕಂಪನಿಯ ಅಲ್ಯುಮಿನಾ ಘಟಕಕ್ಕೆ ಪೂರ್ವ ಕರಾವಳಿಯ ಬಂದರಿಗೆ ಬಂದಿಳಿಯುವ ಹಡಗಿನ ಮಾಲು ಹತ್ತಿರ. ದೇಶದ ಉತ್ಪಾದನೆಯ ಅರ್ಧಕ್ಕೂ ಹೆಚ್ಚು ಇರುವುದು ಪಶ್ಚಿಮದ ಗುಜರಾತಿನಲ್ಲಿ. ಲೈ ಎಂದು ಕರೆಯುವ ದ್ರವರೂಪದಲ್ಲಿ ತಂದರೆ ತೂಕದ ಅರ್ಧ ಬರೀ ನೀರು, ಆ ನೀರಿಗೂ ಸಾಗಣೆ ಖರ್ಚು ತೆರಬೇಕು. ನಾಲ್ಕೋ ಕೊನೆಗೆ ಗುಜರಾತ್ ಆಲ್ಕಲೀಸ್ ಜೊತೆ ಸೇರಿ ತಾನೇ ಒಂದು ಘಟಕ ಹಾಕಿತು. ಹಾಕಿದ್ದೆಲ್ಲಿ? ದಹೇಜ್‌ನಲ್ಲಿ, ಮತ್ತೆ ಗುಜರಾತಿನಲ್ಲೇ. ಕಾರಣ ಊಹಿಸುವುದು ಕಷ್ಟವಲ್ಲ: ಉಪ್ಪು ಅಲ್ಲಿದೆ, ಕ್ಲೋರಿನ್ ಕೊಳ್ಳುವವರೂ ಅಲ್ಲೇ ಇದ್ದಾರೆ.

ಗೋಡೆ ಫಲ ಕೊಟ್ಟಿತೆಂದು ಅದರ ಪರ ಇರುವವರು ಹೇಳಬಹುದು. ಆಮದು ಕುಗ್ಗಿತು, ಸಾಮರ್ಥ್ಯ ಬೆಳೆಯಿತು, ಕೆಲವೇ ವರ್ಷಗಳಲ್ಲಿ ರಫ್ತು ಆಮದನ್ನು ಮೀರಿತು. ಸುಳ್ಳಲ್ಲ. ಆದರೆ ಅದೇ ದೇಶ ವರ್ಷಕ್ಕೆ 20 ಲಕ್ಷ ಟನ್‌ಗೂ ಹೆಚ್ಚು ಪಿವಿಸಿ ರಾಳವನ್ನು ಚೀನಾ, ಜಪಾನ್, ತೈವಾನ್, ಕೊರಿಯಾಗಳಿಂದ ತರಿಸಿಕೊಳ್ಳುತ್ತದೆ. ಪಿವಿಸಿಯ ತೂಕದಲ್ಲಿ ನೂರಕ್ಕೆ 57 ಪಾಲು ಕ್ಲೋರಿನ್. 20 ಲಕ್ಷ ಟನ್ ಎಂದರೆ 11 ಲಕ್ಷ ಟನ್ ಕ್ಲೋರಿನ್ ಘನರೂಪದಲ್ಲಿ ಹಡಗಿನಿಂದ ಇಳಿದ ಹಾಗೆ. ಇತ್ತ ದುಡ್ಡು ಕೊಟ್ಟು ಕ್ಲೋರಿನ್ ಸಾಗಹಾಕುತ್ತೇವೆ, ಅತ್ತ ದುಡ್ಡು ಕೊಟ್ಟು ಅದನ್ನೇ ಕೊಳ್ಳುತ್ತೇವೆ. ಕೋಲಾರದ ಬೋರ್‌ವೆಲ್‌ಗೆ ಇಳಿಯುವ ಪಿವಿಸಿ ಪೈಪಿನಲ್ಲೂ ಈ ವ್ಯಾಪಾರದ ಒಂದು ತುಣುಕು ಇದ್ದೀತು. ಕಾಸ್ಟಿಕ್ ಉತ್ಪಾದಕರನ್ನಷ್ಟೇ ದೂರಿ ಪ್ರಯೋಜನವಿಲ್ಲ. ಪಿವಿಸಿಗೆ ಕ್ಲೋರಿನ್ ಸಾಲದು, ಎಥಿಲೀನ್ ಬೇಕು, ಅಥವಾ ಚೀನಾದವರ ಹಾಗೆ ಕಲ್ಲಿದ್ದಲಿನಿಂದ ಅಸಿಟಿಲೀನ್ ತೆಗೆಯಬೇಕು. ಅದು ಪೆಟ್ರೋರಸಾಯನದ ದೊಡ್ಡ ಬಂಡವಾಳದ ಮಾತು. ಆದರೂ ಕಾಸ್ಟಿಕ್ ರಫ್ತಿನ ಅಂಕಿಯನ್ನು ಗೆಲುವೆಂದು ಬರೆಯುವಾಗ ಪಿವಿಸಿ ಆಮದಿನ ಅಂಕಿಯನ್ನು ಬೇರೆ ಪುಟದಲ್ಲಿಡುವುದು ಜಾಣತನವಷ್ಟೇ, ವಿಶ್ಲೇಷಣೆಯಲ್ಲ.

ದರದಲ್ಲಿ ಎಂದೂ ಕಾಣಿಸದ ಇನ್ನೊಂದು ಬಾಬತ್ತೂ ಇದೆ. ಹಿಂದೆ ಈ ಉದ್ಯಮ ನಡೆದದ್ದು ಪಾದರಸದ ಕೋಶಗಳಲ್ಲಿ. ಕಾರವಾರದ ಬಿಣಗಾದ ಕಾಸ್ಟಿಕ್ ಘಟಕವೂ ಅದೇ ಕಾಲದ್ದು. ಅಲ್ಲಿನ ಕೊಲ್ಲಿಯ ಕೆಸರಿನಲ್ಲಿ, ಚಿಪ್ಪುಜೀವಿಗಳಲ್ಲಿ ಪಾದರಸವೆಷ್ಟು ಎಂದು ವಿಜ್ಞಾನಿಗಳು ಅಳೆದು ಬರೆದಿದ್ದಾರೆ. 2003ರ ಪರಿಸರ ಸನ್ನದಿನಲ್ಲಿ ಉದ್ಯಮ ಪಾದರಸ ಬೇಡದ ಪೊರೆ (ಮೆಂಬ್ರೇನ್) ತಂತ್ರಜ್ಞಾನಕ್ಕೆ ಬರಲು ಒಪ್ಪಿಕೊಂಡಿತು, ಗಡುವು 2012. ಪೊರೆ ಕೋಶ ವಿದ್ಯುತ್ತನ್ನೂ ಉಳಿಸುತ್ತದೆ, ಹೀಗಾಗಿ ಬದಲಾವಣೆ ಬಹುಮಟ್ಟಿಗೆ ತನ್ನ ಖರ್ಚನ್ನು ತಾನೇ ದುಡಿದುಕೊಂಡಿತು. ಹಳೆಯ ದಶಕಗಳ ಅಗ್ಗದ ಕಾಸ್ಟಿಕ್‌ನ ಬಾಕಿ ಮಾತ್ರ ಮೀನುಗಾರರ ನೀರಿನಲ್ಲಿ ಉಳಿಯಿತು.

ಕಂಪನಿಗಳು ವರದಿಗಾರರಿಗಿಂತ ಮುಂದಿವೆ. ದಹೇಜ್, ಭರೂಚ್ ಸುತ್ತ ಕ್ಲೋರೋಮೀಥೇನ್, ಎಪಿಕ್ಲೋರೋಹೈಡ್ರಿನ್ ಎಂದು ಕ್ಲೋರಿನ್ ತಿನ್ನುವ ಘಟಕಗಳನ್ನು ಕಾಸ್ಟಿಕ್‌ನವರೇ ಕಟ್ಟಿಕೊಳ್ಳುತ್ತಿದ್ದಾರೆ. ಅದಾನಿ ಸಮೂಹ ಮುಂದ್ರಾದಲ್ಲಿ ಕಲ್ಲಿದ್ದಲಿನಿಂದ ಪಿವಿಸಿ ಮಾಡಲು ಹೊರಟಿದೆ. ಮೊದಲ ಹಂತವೇ ವರ್ಷಕ್ಕೆ 10 ಲಕ್ಷ ಟನ್. ಅಷ್ಟು ಪಿವಿಸಿಗೆ ಬೇಕಾದ ಕ್ಲೋರಿನ್ ತೆಗೆದರೆ 6 ಲಕ್ಷ ಟನ್‌ಗೂ ಹೆಚ್ಚು ಕಾಸ್ಟಿಕ್ ಯಾರೂ ಕೇಳದೆಯೇ ಮಾರುಕಟ್ಟೆಗೆ ಬರುತ್ತದೆ. ಆಗ ಕಾಸ್ಟಿಕ್ ದರ ಕುಸಿದರೆ, ಜವಳಿಯವರು ಕೊಳ್ಳಲಿಲ್ಲ ಎಂದೇ ವರದಿಗಳು ಬರೆದಾವು.