ಸಮ್ಮಿಗೆ ಬೀಳುವ ಅಕ್ಷರ

ಬೆಳಗಾವಿಯಿಂದ ಖಾನಾಪುರದ ದಾರಿ ಹಿಡಿದರೆ ನಗರ ಮುಗಿಯುವಷ್ಟರಲ್ಲಿ ಪೀರನವಾಡಿ. ಇಲ್ಲಿ ರಸ್ತೆ ಕವಲೊಡೆದು ಒಂದು ಖಾನಾಪುರಕ್ಕೆ, ಇನ್ನೊಂದು ಜಾಂಬೋಟಿಗೆ ಹೋಗುತ್ತದೆ. 2020ರ ಆಗಸ್ಟ್‌ನಲ್ಲಿ ಸಂಗೊಳ್ಳಿ ರಾಯಣ್ಣನ ಪ್ರತಿಮೆಯ ವಿಷಯಕ್ಕೆ ಈ ಕ್ರಾಸ್ ಸುದ್ದಿಯಾಗಿದ್ದು ಪತ್ರಿಕೆ ಓದುವವರಿಗೆ ನೆನಪಿದೆ. ಹಾಡಿನ ಹುಚ್ಚಿರುವ ನನ್ನಂಥವರಿಗೆ ಈ ಭಾಗದ ಊರುಗಳು ಬೇಕಾಗುವುದು ಬೇರೆ ಕಾರಣಕ್ಕೆ. ಇಲ್ಲಿನ ಭಜನೆಗಳಲ್ಲಿ ಕೂತರೆ ಮರಾಠಿ ಅಭಂಗದ ಬೆನ್ನಿಗೇ ಕನ್ನಡದ ಪದ ಬರುತ್ತದೆ. ಮಾತು ಬದಲಾಗಿರುತ್ತದೆ, ಪೇಟಿ ಮಾಸ್ತರರ ಬೆರಳು ಬದಲಾಗಿರುವುದಿಲ್ಲ. ಚಾಲ್, ಅಂದರೆ ಧಾಟಿ, ಅದೇ.

ಇದನ್ನು ಕಳವು ಎಂದು ಮೂಗು ಮುರಿಯುವ ರಸಿಕರಿದ್ದಾರೆ. ಹಾಡು ಕಟ್ಟುವ ಕಸುಬಿನಲ್ಲಿ ಇಷ್ಟು ಬಿಗಿಯಾದ ಪದ್ಧತಿ ಇನ್ನೊಂದಿಲ್ಲ ಎಂಬುದು ನನ್ನ ವಾದ.

ಕಂಪನಿ ನಾಟಕಗಳ ಹಾಡಿನ ಪುಸ್ತಕ ತೆರೆದರೆ ಹಾಡಿನ ನೆತ್ತಿಯ ಮೇಲೆ ‘ಇಂಥ ಹಾಡಿನ ಮಟ್ಟು’ ಎಂದು ಅಚ್ಚಾಗಿರುತ್ತದೆ. ಸ್ವರಲಿಪಿ ಬೇಕಿರಲಿಲ್ಲ, ಹಳೆಯ ಹಾಡು ಓದುಗನ ಕಿವಿಯಲ್ಲಿ ಇದ್ದೇ ಇತ್ತು. ಮರಾಠಿ ಸಂಗೀತ ನಾಟಕದ ಮೂಲಪುರುಷ ಅಣ್ಣಾಸಾಹೇಬ ಕಿರ್ಲೋಸ್ಕರ್ 1843ರಲ್ಲಿ ಹುಟ್ಟಿದ್ದು ಇದೇ ಜಿಲ್ಲೆಯ ಗುರ್ಲಹೊಸೂರಿನಲ್ಲಿ. 1880ರಲ್ಲಿ ಪುಣೆಯಲ್ಲಿ ‘ಸಂಗೀತ ಶಾಕುಂತಲ’ ರಂಗಕ್ಕೆ ತಂದಾಗ ಕೀರ್ತನಕಾರರ ಸಾಕಿ, ದಿಂಡಿಗಳ ಜೊತೆಗೆ ಕನ್ನಡ ಹಾಡುಗಳ ಚಾಲುಗಳನ್ನೂ ಅವರು ಬಳಸಿಕೊಂಡರು. ಮುಂದೆ ಉತ್ತರ ಕರ್ನಾಟಕದ ಕಂಪನಿಗಳು ಮರಾಠಿ ನಾಟ್ಯಗೀತೆಗಳ ಮಟ್ಟುಗಳನ್ನು ಕನ್ನಡಕ್ಕೆ ತಂದು ಲೆಕ್ಕ ಸರಿಮಾಡಿದವು. 1911ರ ‘ಮಾನಾಪಮಾನ’ಕ್ಕೆ ಗೋವಿಂದರಾವ್ ಟೆಂಬೆ ಠುಮ್ರಿಯ ಚಾಲುಗಳನ್ನು ಒದಗಿಸಿದರು, ನಾಟಕಕಾರ ಖಾಡಿಲಕರರು ಅವುಗಳ ಅಳತೆಗೆ ಪದ ಬರೆದರು. ದಕ್ಷಿಣದಲ್ಲಿ ಮುತ್ತುಸ್ವಾಮಿ ದೀಕ್ಷಿತರು ಬ್ರಿಟಿಷ್ ಬ್ಯಾಂಡಿನ ಟ್ಯೂನುಗಳಿಗೆ ಸಂಸ್ಕೃತ ಸಾಹಿತ್ಯ ಕೂಡಿಸಿ ನೊಟ್ಟುಸ್ವರಗಳನ್ನು ಕಟ್ಟಿದರು. ಇಂಗ್ಲೆಂಡಿನ ರಾಷ್ಟ್ರಗೀತೆಯ ಧಾಟಿಯಲ್ಲಿ ಶ್ಯಾಮಲಾದೇವಿಯ ಸ್ತುತಿ ಹುಟ್ಟಿದ್ದು ಹಾಗೆ. ದೀಕ್ಷಿತರನ್ನು ಯಾರೂ ಕಳ್ಳರೆಂದಿಲ್ಲ.

ಈ ಕೆಲಸದ ಕಷ್ಟ ತಿಳಿಯಬೇಕಾದರೆ ಕೈಯಲ್ಲಿ ತಾಳ ಹಾಕಿಕೊಂಡು ಒಂದು ಸಾಲು ಕಟ್ಟಿ ನೋಡಬೇಕು. ತೀನ್‌ತಾಲಕ್ಕೆ ಹದಿನಾರು ಮಾತ್ರೆ. ಮಧ್ಯಲಯದ ಎಷ್ಟೋ ಚೀಜುಗಳ ಎತ್ತುಗಡೆಯಾದ ಮುಖಡಾ ಒಂಬತ್ತನೇ ಮಾತ್ರೆಯಿಂದ, ಅಂದರೆ ಖಾಲಿಯಿಂದ ಏಳುತ್ತದೆ. ಎಂಟು ಮಾತ್ರೆ ನಡೆದು ತಾಳದ ಮೊದಲ ಮಾತ್ರೆಯಾದ ಸಮ್ಮಿಗೆ ಬಂದು ಬೀಳುತ್ತದೆ. ಲಘುವಿಗೆ ಒಂದು, ಗುರುವಿಗೆ ಎರಡು ಎಂಬ ಶಾಲೆಯ ಲೆಕ್ಕವೇ ಸಾಕು. ಮಲಪ್ರಭೆ ಹುಟ್ಟುವ, ಮಳೆಗೆ ಹೆಸರಾದ ಖಾನಾಪುರ ತಾಲ್ಲೂಕಿನ ಕಣಕುಂಬಿಯನ್ನು ನೆನೆದು ‘ಕಣಕುಂಬಿ ಮಳೆಯೆ ಬಾರೇ’ ಎಂದು ಹಾಡೋಣ. ‘ಕಣಕುಂಬಿ’ಗೆ ಐದು, ‘ಮಳೆಯೆ’ಗೆ ಮೂರು, ಅಲ್ಲಿಗೆ ಎಂಟು. ಸಮ್ಮಿಗೆ ‘ಬಾ’ ಬಿತ್ತು. ಸಾಲಿನ ಅರ್ಥ ನಿಂತಿರುವುದು ಆ ಅಕ್ಷರದ ಮೇಲೆ, ಬಾಯಿ ತೆರೆದು ಸ್ವರ ನಿಲ್ಲಿಸಲು ಜಾಗ ಇರುವುದೂ ಅದರಲ್ಲೇ. ಈಗ ಅದೇ ಪದಗಳನ್ನು ತಿರುವಿ ‘ಬಾರೇ ಕಣಕುಂಬಿ ಮಳೆಯೆ’ ಎನ್ನಿ. ‘ಬಾರೇ’ಗೆ ನಾಲ್ಕು, ‘ಕಣಕುಂ’ಗೆ ನಾಲ್ಕು, ಸಮ್ಮಿಗೆ ಬಿದ್ದದ್ದು ‘ಬಿ’. ಊರಿನ ಹೆಸರು ಎರಡು ತುಂಡು, ತಬಲಾದ ‘ಧಾ’ ಒಂದು ಹ್ರಸ್ವ ಅಕ್ಷರದ ತಲೆಯ ಮೇಲೆ. ಛಂದಸ್ಸಿನವರು ಎರಡಕ್ಕೂ ಅಷ್ಟೇ ಅಂಕ ಕೊಟ್ಟಾರು. ಹಾಡುವವನು ಎರಡನೆಯದನ್ನು ಎತ್ತಿಕೊಳ್ಳಲಾರ.

ಭಾಷೆ ದಾಟುವಾಗ ತೊಡಕು ಇನ್ನೂ ಹೆಚ್ಚು. ಮರಾಠಿ, ಹಿಂದಿ ಮಾತುಗಳು ಬಹಳಷ್ಟು ಸಲ ದೀರ್ಘ ಸ್ವರದಲ್ಲೋ ವ್ಯಂಜನದಲ್ಲೋ ಮುಗಿಯುತ್ತವೆ. ಕನ್ನಡದ ಮನೆ, ಹಾಲು, ಊರು ಎಲ್ಲವೂ ಹ್ರಸ್ವದಲ್ಲಿ ಮುಗಿಯುವಂಥವು. ಅಭಂಗದ ಚಾಲಿನಲ್ಲಿ ಸಾಲಿನ ಕೊನೆಗೆ ಸ್ವರ ಎಳೆದು ನಿಲ್ಲಿಸುವ ಜಾಗವಿದ್ದರೆ ಅಲ್ಲಿ ಕನ್ನಡದ ‘ಉ’ಕಾರ ಎಳೆದು ಹಾಸ್ಯವಾಗುತ್ತದೆ. ಪದ ಕಟ್ಟುವವರು ಇದಕ್ಕೆ ಉಪಾಯ ಕಂಡುಕೊಂಡಿದ್ದಾರೆ. ‘ದೇವಾ’, ‘ಅಪ್ಪಾ’, ‘ತಾಯೀ’ ಎಂಬ ಕರೆಗಳನ್ನು ಸಾಲಿನ ತುದಿಗೆ ಇಡುತ್ತಾರೆ, ಇಲ್ಲವೆ ‘ರೇ’, ‘ನಾ’, ‘ಓ’ ಸೇರಿಸುತ್ತಾರೆ. ಈ ಭಾಗದ ಆಡುಮಾತೂ ಕೈಹಿಡಿಯುತ್ತದೆ: ‘ಬಂದಾನ’, ‘ಹೋಗ್ಯಾಳ’ ಎಂಬಲ್ಲಿ ದೀರ್ಘ ನಡುವಿನಲ್ಲೇ ಸಿದ್ಧವಾಗಿ ಕೂತಿದೆ. ಗ್ರಾಂಥಿಕ ಕನ್ನಡದ ‘ಬಂದಿದ್ದಾನೆ’ ಈ ಮಟ್ಟುಗಳಲ್ಲಿ ಹೆಣಗುವಾಗ ‘ಬಂದಾನ’ ಸಲೀಸಾಗಿ ಕೂರುವುದಕ್ಕೆ ಇದೇ ಕಾರಣ.

ಲಾವಣಿಯಂತೆ ದೀರ್ಘ ಕತೆ ಹೇಳುವ ಗೀಗೀ ಮೇಳದವರ ಪದ್ಧತಿ ಬೇರೆ. 1831ರ ಜನವರಿಯಲ್ಲಿ ರಾಯಣ್ಣನನ್ನು ಗಲ್ಲಿಗೇರಿಸಿದ ನಂದಗಡ ಇರುವುದು ಖಾನಾಪುರ ತಾಲ್ಲೂಕಿನಲ್ಲೇ. ಅವನ ಕತೆಯನ್ನು ಊರೂರಿಗೆ ಮುಟ್ಟಿಸಿದವರು ಪದಕಾರರು. ದಪ್ಪು, ತುಂತುಣಿಯ ಜೊತೆ ಮುಂದಿನವ ಸಾಲು ಹೇಳುತ್ತಾನೆ, ಹಿಮ್ಮೇಳ ‘ಗೀ ಗೀ’ ಎಂದು ಸೊಲ್ಲು ಹಿಡಿಯುತ್ತದೆ. ಕೇಳುವವರಿಗೆ ಆ ಸೊಲ್ಲು ಅಲಂಕಾರ. ಹಾಡುವವನಿಗೆ ಅದು ಉಸಿರು ತೆಗೆದುಕೊಳ್ಳುವ, ಮುಂದಿನ ನುಡಿ ನೆನಪಿಸಿಕೊಳ್ಳುವ, ಬೇಕಾದರೆ ನಿಂತ ಕಾಲಿನ ಮೇಲೆ ಹೊಸದನ್ನು ಹೊಸೆಯುವ ಬಿಡುವು. ಧಾಟಿ ಸಣ್ಣದಿದ್ದಷ್ಟೂ ಕತೆಗೆ ಅನುಕೂಲ ಎಂದು ಅವರಿಗೆ ಗೊತ್ತು.

ಮಾತು ಮೊದಲು, ಸ್ವರ ಆಮೇಲೆ ಎಂಬುದು ಮಟ್ಟಿನ ತಿರುವುಮುರುವು. ಇದರಲ್ಲೂ ಕಾವ್ಯದ ಗಣವೇ ತಾಳವನ್ನು ಸೂಚಿಸುತ್ತದೆ. ಮೂರು ಮಾತ್ರೆಯ ಗಣಕ್ಕೆ ದಾದ್ರಾ, ನಾಲ್ಕಕ್ಕೆ ಕೆಹರವಾ, ಐದಕ್ಕೆ ಝಪ್‌ತಾಲ ತಾನಾಗಿ ಒದಗುತ್ತದೆ. ಮೂರು-ನಾಲ್ಕರ ಭಾಮಿನಿ ಷಟ್ಪದಿ ಏಳು ಮಾತ್ರೆಯ ರೂಪಕಕ್ಕೆ ಹೇಳಿ ಮಾಡಿಸಿದಂತಿದೆ. ವಚನಕ್ಕೆ ಬಂದಾಗ ಈ ಊರುಗೋಲೂ ಇಲ್ಲ. ಅಲ್ಲಿ ಗಣವಿಲ್ಲ, ಸಾಲುಗಳ ಉದ್ದ ಒಂದರಂತೆ ಒಂದಿಲ್ಲ. ಮಲ್ಲಿಕಾರ್ಜುನ ಮನ್ಸೂರರ ವಚನಗಾಯನ ಕೇಳುವಾಗ ನಾನು ಗಮನಿಸುವುದು ಹಾಡು ಎಲ್ಲೆಲ್ಲಿ ತಂಗುತ್ತದೆ ಎಂಬುದನ್ನು. ಎತ್ತುಗಡೆಯ ಸಾಲು ಪಲ್ಲವಿಯಂತೆ ಮರಳಿ ಬರುತ್ತದೆ. ನಡುವಿನ ಸಾಲುಗಳು ಅರ್ಥ ನಡೆಸಿದಂತೆ ಹಿಗ್ಗಿ ಕುಗ್ಗುತ್ತವೆ. ಕೊನೆಗೆ ಅಂಕಿತ ಬರುತ್ತದೆ, ದೀರ್ಘವಾದ ಕರೆಯಾಗಿ. ಅಂಕಿತದ ತುದಿಯನ್ನು ಷಡ್ಜಕ್ಕೆ ತಂದು ನಿಲ್ಲಿಸುವುದು ಭಕ್ತಿಗೂ ಒಪ್ಪುತ್ತದೆ, ಸ್ವರದ ತರ್ಕಕ್ಕೂ ಒಪ್ಪುತ್ತದೆ.

ಮೂರನೆಯ ದಾರಿ ತುಳಿದವರು ಕುಮಾರ ಗಂಧರ್ವರು. ಹುಟ್ಟಿದ್ದು 1924ರ ಏಪ್ರಿಲ್ 8ರಂದು ಬೆಳಗಾವಿ ತಾಲ್ಲೂಕಿನ ಸುಳೇಭಾವಿಯಲ್ಲಿ, ಶಿವಪುತ್ರ ಕೊಂಕಾಳಿಯಾಗಿ. ಕ್ಷಯ ತಗುಲಿ, ಹವೆ ಬದಲಿಸಲೆಂದು 1948ರಲ್ಲಿ ಮಾಳವದ ದೇವಾಸಕ್ಕೆ ಹೋದ ಅವರಿಗೆ ವರ್ಷಗಟ್ಟಲೆ ಹಾಡಲು ಅನುಮತಿ ಇರಲಿಲ್ಲ. ಮಲಗಿದಲ್ಲೇ ಆ ಸೀಮೆಯ ಜನಪದ ಧಾಟಿಗಳನ್ನು ಕೇಳಿದರು, ಆಮೇಲೆ ಸಂಗ್ರಹಿಸಿದರು. ನಾಲ್ಕೈದು ಸ್ವರಗಳೊಳಗೆ ಸುತ್ತುವ ಧುನ್ನುಗಳವು. ಬೇರೆಯವರಾಗಿದ್ದರೆ ಅವುಗಳಿಗೆ ಹೊಸ ಪದ ತುಂಬುತ್ತಿದ್ದರು. ಕುಮಾರರು ಧುನ್ನಿನ ಒಳಗೆ ಅಡಗಿದ ರಾಗ ಯಾವುದು ಎಂದು ಕೇಳಿದರು. ಹಾಗೆ ಬಂದವು ಮಾಲವತಿ, ಸಂಜಾರಿ, ಸಹೇಲಿ ತೋಡಿ, ಲಗನ ಗಂಧಾರ ಮುಂತಾದ, ಧುನ್ನಿನಿಂದ ಹುಟ್ಟಿದ ‘ಧುನ್-ಉಗಮ’ ರಾಗಗಳು. ಅವರ ಬಂದಿಶುಗಳ ಸಂಗ್ರಹ ‘ಅನೂಪ ರಾಗ ವಿಲಾಸ’ 1965ರಲ್ಲಿ ಪ್ರಕಟವಾಯಿತು.

ಧುನ್ನಿಗೂ ರಾಗಕ್ಕೂ ಇರುವ ಅಂತರ ಸಣ್ಣದಲ್ಲ. ಧುನ್ನಿನಲ್ಲಿ ಸ್ವರಗಳ ಸಾಲು ಗೊತ್ತಾಗಿರುತ್ತದೆ. ಅದನ್ನು ಬಿಟ್ಟರೆ ಹಾಡೇ ಇಲ್ಲ. ರಾಗ ಮೂರು ಸ್ಥಾಯಿಯಲ್ಲಿ ಓಡಾಡಿಯೂ ಗುರುತು ಸಿಗಬೇಕು. ಯಾವ ಸ್ವರದ ಮೇಲೆ ತಂಗಬೇಕು, ಯಾವ ತಿರುವು ಮತ್ತೆಮತ್ತೆ ಬರಬೇಕು, ಯಾವುದು ಬಂದರೆ ಪಕ್ಕದ ರಾಗದ ನೆರಳು ಬೀಳುತ್ತದೆ ಎಂಬುದನ್ನು ತೂಗಿ ನೋಡಿದ ಮೇಲೆ ಮಾತ್ರ ಬಂದಿಶು. ಹೊಸ ರಾಗಕ್ಕೆ ಬೇರೆ ಗ್ರಂಥಾಧಾರ ಇರುವುದಿಲ್ಲ. ಆ ರಾಗದ ವ್ಯಾಕರಣವನ್ನೆಲ್ಲ ಬಂದಿಶಿನ ಎರಡು ಭಾಗಗಳಾದ ಸ್ಥಾಯಿ-ಅಂತರಾದ ನಾಲ್ಕು ಸಾಲುಗಳೇ ಹೇಳಿ ಮುಗಿಸಬೇಕು.

ಈಗ ಸಿನಿಮಾದಲ್ಲಿ ಟ್ಯೂನ್ ಮೊದಲು ಬರುತ್ತದೆ. ಸಂಗೀತ ನಿರ್ದೇಶಕ ಅರ್ಥವಿಲ್ಲದ ಡಮ್ಮಿ ಅಕ್ಷರ ಹಾಡಿ ಕಳಿಸುತ್ತಾನೆ, ಕವಿ ಅದಕ್ಕೆ ಮಾತು ತುಂಬುತ್ತಾನೆ. ಕೆಲಸ ಅದೇ ಹಳೆಯ ಮಟ್ಟಿನದು, ಹಾಳಾಗಿರುವುದು ಶಿಸ್ತು. ಕಂಪನಿಯ ಕವಿ ಪೇಟಿಯ ಪಕ್ಕದಲ್ಲಿ ಕೂತಿರುತ್ತಿದ್ದ, ತಪ್ಪಿದರೆ ನಟನೇ ತಕರಾರು ಎತ್ತುತ್ತಿದ್ದ. ಇಂದು ಕವಿಗೆ ಸಿಗುವುದು ಮೊಬೈಲಿನಲ್ಲೊಂದು ಆಡಿಯೊ ತುಣುಕು. ಅಕ್ಷರ ತಪ್ಪಿದರೆ ಸರಿಪಡಿಸುವುದು ಕಂಪ್ಯೂಟರಿನ ಜವಾಬ್ದಾರಿ. ಕಂಪ್ಯೂಟರ್ ‘ಬಿ’ಯನ್ನು ಜಗ್ಗಿ ಉದ್ದ ಮಾಡೀತೇ ಹೊರತು ಅದನ್ನು ‘ಬಾ’ ಮಾಡಲಾರದು.

ಈ ವಾರ ಓದುಗರಿಗೆ ಒಂದು ಕೆಲಸ. ‘ಕಣಕುಂಬಿ ಮಳೆಯೆ ಬಾರೇ’ ಸಾಲಿಗೆ ಅಂತರಾದ ಒಂದು ಸಾಲು ಕಟ್ಟಿ ಕಳಿಸಿ. ಏಳುವುದು ಖಾಲಿಯಿಂದ, ನಡೆಯುವುದು ಎಂಟು ಮಾತ್ರೆ, ಸಮ್ಮಿಗೆ ಅರ್ಥವುಳ್ಳ ಒಂದು ದೀರ್ಘಾಕ್ಷರ. ಪ್ರಾಸ ಕೂಡದಿದ್ದರೂ ನಡೆದೀತು, ಪದ ತುಂಡಾಗಿ ಸಮ್ಮಿಗೆ ಬಂದರೆ ಮಾತ್ರ ಹಿಂದಕ್ಕೆ ಕಳಿಸುತ್ತೇನೆ.