ಅಗಸನ ಬಾಯಿ, ಅರಸನ ಕಿವಿ

ಯಕ್ಷಗಾನ ವಿಮರ್ಶೆ ಎಂದರೆ ಇವತ್ತಿಗೂ ಬಹುಪಾಲು ಕಿರೀಟದ ವಿಮರ್ಶೆಯೇ. 1934ರಲ್ಲಿ ಇಡಗುಂಜಿ ಮೇಳ ಕಟ್ಟಿದ ಕೆರೆಮನೆ ಶಿವರಾಮ ಹೆಗಡೆ, 2012ರಲ್ಲಿ ಪದ್ಮಶ್ರೀ ಪಡೆದ ಚಿಟ್ಟಾಣಿ ರಾಮಚಂದ್ರ ಹೆಗಡೆ ಇಂಥವರ ಬಗ್ಗೆ ಬರೆದಷ್ಟನ್ನು ನಾವು ಹಾಸ್ಯಗಾರರ ಬಗ್ಗೆ ಬರೆದಿಲ್ಲ. ಕುಮಟಾ, ಹೊನ್ನಾವರ, ಭಟ್ಕಳದ ಜನ ಮಾತ್ರ ಬೆಳಿಗ್ಗೆ ಚಾದಂಗಡಿಯಲ್ಲಿ ನೆನೆಸಿಕೊಂಡು ನಗುವುದು ಹಾಸ್ಯಗಾರನ ಮಾತನ್ನೇ. ಹೊನ್ನಾವರದ ಕರ್ಕಿಯಲ್ಲಿ 'ಹಾಸ್ಯಗಾರ' ಅನ್ನೋದು ಒಂದು ಮನೆತನದ ಹೆಸರೇ ಆಗಿಹೋಗಿದೆ.

ಪ್ರಸಂಗದ ಪದ್ಯ ಬರಹದಲ್ಲಿರುತ್ತದೆ, ಅರ್ಥ ರಂಗದಲ್ಲೇ ಹುಟ್ಟುತ್ತದೆ. ಅರಸನ ವೇಷಕ್ಕೆ ಪುರಾಣದ ಕಡಿವಾಣ ಬಿಗಿ, ಹಾಸ್ಯಗಾರನಿಗೆ ಸಡಿಲ. ಆತ ಗ್ರಾಂಥಿಕ ಬಿಟ್ಟು ಊರಿನ ಕನ್ನಡ ಆಡಬಹುದು, ಭಾಗವತರನ್ನೇ ಕೆಣಕಬಹುದು. ಜನ ನಕ್ಕರೆ ಮಾತು ಬೆಳೆಯುತ್ತದೆ, ಇಲ್ಲದಿದ್ದರೆ ಅಲ್ಲೇ ಸಾಯುತ್ತದೆ. ಅಂದರೆ ಆ ಪಾತ್ರದ ಅರ್ಧ ಕರ್ತೃ ಪ್ರೇಕ್ಷಕ. ಹಾಗಾದರೆ ದಲಿತ ವಿಮರ್ಶೆ ಕೇಳಬೇಕಾದ ಪ್ರಶ್ನೆ ಇದು: ನಗುವವರು ಯಾರು, ಯಾರನ್ನು ನೋಡಿ?

ಸೀತಾ ಪರಿತ್ಯಾಗದ ಅಗಸನನ್ನೇ ತಗೊಳ್ಳಿ. ವಾಲ್ಮೀಕಿಯ ಉತ್ತರಕಾಂಡದಲ್ಲಿ ಅಗಸನೇ ಇಲ್ಲ. ಪುರಜನರೆಲ್ಲ ಆಡುವ ಮಾತನ್ನು ಭದ್ರನೆಂಬವನು ರಾಮನಿಗೆ ಮುಟ್ಟಿಸುತ್ತಾನೆ. ಲಕ್ಷ್ಮೀಶನ ಜೈಮಿನಿ ಭಾರತದ ಹೊತ್ತಿಗೆ ಆ ಮಾತು ರಜಕನ ಬಾಯಿ ಸೇರಿದೆ. ಇಡೀ ಊರಿನ ಕೊಳೆಯನ್ನು ಬಟ್ಟೆ ಒಗೆಯುವವನ ತಲೆಗೇ ಹೊರಿಸಿದ ಹಾಗಾಯ್ತು. ಅಗಸರು ಕರ್ನಾಟಕದ ಪರಿಶಿಷ್ಟ ಜಾತಿಗಳ ಪಟ್ಟಿಯಲ್ಲಿಲ್ಲ, ನಿಜ. ಆದರೆ ಕೊಳೆ ಮುಟ್ಟುವವನಿಗೇ ಕಳಂಕ ಅಂಟಿಸುವ ನ್ಯಾಯ ನಮಗೇನು ಹೊಸದೇ?

ರಂಗದಲ್ಲಿ ಆತ ಬಹಳ ಸಲ ಕುಡುಕ, ಹೆಂಡತಿಗೆ ಹೊಡೆಯುವವ. ಜನ ನಗುತ್ತಾರೆ. ಆ ನಗೆಯ ಮರೆಯಲ್ಲಿ ಬಸುರಿಯನ್ನು ಕಾಡಿಗಟ್ಟಿದ ಅರಸ ಪಾರಾಗುತ್ತಾನೆ. ತರಗತಿಯಲ್ಲೂ ನಾವು ಮೇಷ್ಟ್ರುಗಳು ಕೇಳುವುದು ರಾಮನ ಧರ್ಮಸಂಕಟದ ಬಗ್ಗೆ. ಅಗಸನ ಮನೆಯ ಹುಡುಗ ಅಲ್ಲೇ ಬೆಂಚಿನ ಮೇಲೆ ತಲೆ ತಗ್ಗಿಸಿ ಕೂತಿರುತ್ತಾನೆ.

ಇದೇ ಅಗಸನಿಗೆ ಇನ್ನೊಂದು ಬಾಯಿ ಸಾಧ್ಯ. "ನಮ್ಮನೆ ಜಗಳ ಅರಮನೆಗೆ ಹ್ಯಾಂಗೆ ಕೇಳ್ತು? ಗೋಡೆಗೆ ಕಿವಿ ಇಟ್ಟು ನಿಂತವ ಯಾರು?" ಎಂದು ಆತ ಕೇಳಿದರೆ? ಒಂದು ಪದ್ಯವೂ ಬದಲಾಗಬೇಕಿಲ್ಲ, ನಗೆಯ ದಿಕ್ಕು ಬದಲಾಗುತ್ತದೆ. ಸಿದ್ಧಲಿಂಗಯ್ಯನವರ 'ಊರುಕೇರಿ' ಇಂಥದ್ದನ್ನು ಗದ್ಯದಲ್ಲಿ ಮಾಡಿ ತೋರಿಸಿತು. ಅಲ್ಲಿ ಹಸಿದವನು ನಗೆಯ ವಸ್ತುವಲ್ಲ, ಒಡೆಯ. ಓದುವವನಿಗೆ ಕನಿಕರಪಡುವ ಸುಖವನ್ನು ಆ ಪುಸ್ತಕ ಕೊಡುವುದಿಲ್ಲ.

ಆದ್ದರಿಂದ ಯಕ್ಷಗಾನ ಮೇಲ್ಜಾತಿಯದು ಎಂದು ಕೈತೊಳೆದುಕೊಳ್ಳುವುದನ್ನು ನಾನು ಒಪ್ಪಲಾರೆ. ಹಾಸ್ಯಗಾರನ ಸಡಿಲ ನಾಲಗೆ ನಮಗೂ ಸೇರಿದ್ದು. ಈಗ ಪ್ರತಿ ಆಟದಲ್ಲೂ ಹುಡುಗರ ಕೈಯಲ್ಲಿ ಮೊಬೈಲ್ ಇದೆ. ಒಂದೇ ಪ್ರಸಂಗದ ಅಗಸ ಮೂರು ತಾಲೂಕಿನಲ್ಲಿ ಏನೇನು ಅಂದ ಎಂದು ಅವರು ಬರೆದಿಡಲಿ. ಹಾಗೇ ಕ್ಯಾಮೆರಾವನ್ನು ಒಂದಿಷ್ಟು ಹೊತ್ತು ಕೂತ ಜನರ ಕಡೆಗೂ ತಿರುಗಿಸಲಿ. ಮುಂದಿನ ಕುರ್ಚಿ ನಕ್ಕಾಗ ಹಿಂದೆ ನಿಂತವರು ನಕ್ಕರೋ ಇಲ್ಲವೋ, ಅದು ಮೊದಲು ಗೊತ್ತಾಗಬೇಕು.